ಹೊಸ ಹಗ್ಗದ ಕಲ್ಲು

ಕಾನಜಾವಾದಲ್ಲಿ ಕಿಸಾಕುವಿನ ಮನೆಗೆ ಹೋದವರೆಲ್ಲ ಒಂದು ಮಾತು ಕೇಳಿಯೇ ಬರುತ್ತಿದ್ದರು: ಕಲ್ಲುದೀಪದ ಮುಂದೆ ಇರಬೇಕಾದ ಮರ ಎಲ್ಲಿ? ಕೇಳಿದ್ದರಲ್ಲಿ ತಪ್ಪೇನಿಲ್ಲ. ನಮ್ಮ ಕಡೆ ತೋಟದಲ್ಲಿ ಕಲ್ಲುದೀಪ ನಿಲ್ಲಿಸಿದರೆ ಅದರ ಮುಂದೆ ಒಂದು ಮರ ನೆಡಲೇಬೇಕು. ಆ ಮರದ ಒಂದು ಕೊಂಬೆ ದೀಪದ ಕಿಂಡಿಗೆ ಅಡ್ಡ ಹಾಯಲೇಬೇಕು. ಬೆಳಕು ಬಂದವರ ಮುಖಕ್ಕೆ ಹೊಡೆಯಬಾರದು, ಎಲೆಗಳ ಸಂದಿಯಿಂದ ಇಷ್ಟಿಷ್ಟೇ ಬರಬೇಕು. ಕಸುಬು ಕಲಿಯಲು ಬಂದವನಿಗೆ ಮೊದಲ ವರ್ಷವೇ ಹೇಳಿಕೊಡುವ ಪಾಠ ಇದು. ಊರಿನ ಅರ್ಧ ತೋಟಗಳಿಗೆ ಕಲ್ಲು ಕೂರಿಸಿದ ಕಿಸಾಕುವಿನ ಸ್ವಂತ ಅಂಗಳದಲ್ಲಿ ಮಾತ್ರ ಕಲ್ಲುದೀಪ ಬೋಳಾಗಿ ನಿಂತಿತ್ತು. ಅದರ ಮುಂದೆ ಮೊಳದಗಲದ ಜಾಗದಲ್ಲಿ ಪಾಚಿ ಹಬ್ಬುವುದಕ್ಕೂ ಬಿಡದೆ ಅವನು ವರ್ಷವರ್ಷವೂ ಮಣ್ಣು ಸಡಿಲಿಸಿ ಇಡುತ್ತಿದ್ದ.

ಮೀನು ಹೊತ್ತು ಮಾರುವ ಓಶಿಗೆಗೆ ಇದೊಂದು ತಮಾಷೆ. ಅವಳು ನೋತೊ ಎಂಬ ಕಡಲ ಸೀಮೆಯ ಹೆಂಗಸು, ಬಾಯಿ ಸ್ವಲ್ಪ ಜೋರು. "ಊರಿಗೆಲ್ಲ ಬಟ್ಟೆ ಹೊಲಿಯೋ ದರ್ಜಿ ತಾನು ಚಡ್ಡೀಲಿ ನಿಂತ ಹಾಗಾಯ್ತಲ್ಲ ಯಜಮಾನ್ರೆ," ಎಂದು ಬುಟ್ಟಿ ಇಳಿಸುತ್ತಿದ್ದಳು. ಕಿಸಾಕು ನಗುತ್ತಲೂ ಇರಲಿಲ್ಲ, ಸಿಟ್ಟಾಗುತ್ತಲೂ ಇರಲಿಲ್ಲ. ಆ ಜಾಗ ಅವನ ತಮ್ಮನದು. ತಮ್ಮ ಬಂದು ಅಲ್ಲಿ ಮರ ನೆಡಬೇಕು, ಇಲ್ಲದಿದ್ದರೆ ಅದು ಹಾಗೇ ಇರಬೇಕು. ಇದನ್ನು ಅವನು ಹೆಂಡತಿ ಇಸೊಗೆ ಒಂದು ಸಲ ಹೇಳಿದ್ದ. ಹೇಳಬೇಕಾಗಿದ್ದ ತಮ್ಮನಿಗೆ ಮಾತ್ರ ಹೇಳಿರಲಿಲ್ಲ.

ತಮ್ಮನ ಹೆಸರು ತಮೇಜೊ. ಇಬ್ಬರಿಗೂ ಕಸುಬು ಕಲಿಸಿದವನು ಅಪ್ಪನೇ. ಅಪ್ಪ ಮಕ್ಕಳ ಕೈ ನೋಡಿ ಕೆಲಸ ಹಂಚಿದ: ದೊಡ್ಡವನಿಗೆ ಕಲ್ಲು, ಚಿಕ್ಕವನಿಗೆ ಗಿಡ. ಕಿಸಾಕು ಕಲ್ಲಿನ ಮುಂದೆ ಅರ್ಧ ದಿನ ಸುಮ್ಮನೆ ಕೂರುವವನು. ಪ್ರತಿ ಕಲ್ಲಿಗೂ ಮುಖವಿದೆ, ಬೆನ್ನಿದೆ. ಪಾದವನ್ನು ಸಾಕಷ್ಟು ನೆಲದೊಳಗೆ ಹೂತರೆ ಮಾತ್ರ ಅದು ಅಲ್ಲೇ ಹುಟ್ಟಿ ಬೆಳೆದ ಹಾಗೆ ಕಾಣುತ್ತದೆ. ಎರಡನ್ನು ಒಂದೇ ಎತ್ತರಕ್ಕೆ ನಿಲ್ಲಿಸಿದರೆ ಪೊಲೀಸರು ನಿಂತ ಹಾಗಿರುತ್ತದೆ. ಮೂರು ಇಟ್ಟರೆ ಒಂದು ನಿಲ್ಲಬೇಕು, ಒಂದು ಬಾಗಬೇಕು, ಒಂದು ಮಲಗಬೇಕು. ತಮೇಜೊ ಒಂದು ಕಡೆ ನಿಲ್ಲುವವನೇ ಅಲ್ಲ. ಅಣ್ಣ ಕಲ್ಲು ಕೂರಿಸಿ ಕೈ ತೊಳೆದ ಮೇಲೆ ಅವನು ಬಂದು ಸುತ್ತ ಓಡಾಡಿ, ಒಂದರ ಪಾದಕ್ಕೆ ಜರಿಗಿಡ, ಇನ್ನೊಂದರ ಹೆಗಲಿಗೆ ಪೊದೆ, ಝರಿಯ ಅರ್ಧವನ್ನು ಮುಚ್ಚುವ ಹಾಗೆ ಒಂದು ಮೇಪಲ್ ಎಂದು ನೆಡುತ್ತ ಹೋಗುತ್ತಿದ್ದ. ದೊಡ್ಡ ಎಲೆಯ ಗಿಡ ಹತ್ತಿರಕ್ಕೆ, ಸಣ್ಣ ಎಲೆಯದು ದೂರಕ್ಕೆ. ಆಗ ಗೇಣಗಲದ ಅಂಗಳವೂ ಆಳವಾಗಿ ಕಾಣುತ್ತದೆ. ಎಲ್ಲವೂ ಒಂದೇ ನೋಟಕ್ಕೆ ಸಿಕ್ಕಿಬಿಟ್ಟರೆ ಬಂದವನು ಎರಡನೆಯ ಹೆಜ್ಜೆ ಯಾಕೆ ಇಡಬೇಕು ಎನ್ನುವುದು ಅವನ ವಾದ. "ಅಣ್ಣ ಹಲ್ಲು ಜೋಡಿಸ್ತಾನೆ, ನಾನು ತುಟಿ ಮುಚ್ಚಿಸ್ತೀನಿ," ಎಂದು ಮನೆಯವರ ಮುಂದೆ ನಗಿಸುತ್ತಿದ್ದ. ಕಿಸಾಕು ಬೇರೆ ಕಡೆ ತಿರುಗಿಕೊಂಡು ನಗುತ್ತಿದ್ದ.

ಯುದ್ಧ ಮುಗಿದು ಇಬ್ಬರೂ ಜೀವಸಹಿತ ಮನೆಗೆ ಬಂದರು. ತೋಟ ಬೇಕು ಎನ್ನುವವರು ಆಗ ಊರಿನಲ್ಲಿ ಬೆರಳೆಣಿಕೆಯಷ್ಟು. ಅಂಥವರಲ್ಲಿ ರೇಷ್ಮೆ ಬಟ್ಟೆಯ ವ್ಯಾಪಾರಿ ಓಬಾ ಒಬ್ಬ. ಅವನು ಎಲ್ಲಿಂದಲೋ ಹಳೆಯ ಕಲ್ಲುದೀಪವೊಂದನ್ನು ತರಿಸಿ ನಿಲ್ಲಿಸಿದ. ಅದರ ಮುಂದೆ ತಮೇಜೊ ಒಂದು ಎಳೆಯ ಮೇಪಲ್ ನೆಟ್ಟು, ದಾರ ಕಟ್ಟಿ, ಬಿದಿರ ಕಡ್ಡಿ ಆನಿಸಿ, ಕೆಲವು ವರ್ಷ ಕಾದು ಒಂದೇ ಒಂದು ಕೊಂಬೆಯನ್ನು ಕಿಂಡಿಯ ಮುಂದಕ್ಕೆ ತಂದ. ಓಬಾನಿಗೆ ಅದು ರುಚಿಸಲಿಲ್ಲ. ಇಷ್ಟು ಬೆಲೆಬಾಳುವ ದೀಪ ತಂದದ್ದು ಎಲೆ ಹಿಂದೆ ಬಚ್ಚಿಡುವುದಕ್ಕೋ ಎಂದು ಕಿಸಾಕುವನ್ನು ಕರೆಸಿ ಕೇಳಿದ. ತಮೇಜೊ ಆ ವಾರ ಬೇರೆ ಊರಿನ ದೇವಾಲಯದಲ್ಲಿ ಕೆಲಸದಲ್ಲಿದ್ದ. ಓಬಾ ಮುನಿಸಿಕೊಂಡರೆ ಅವನ ಮಾತಿನಿಂದ ಸಿಗುತ್ತಿದ್ದ ಬೇರೆ ಮನೆಗಳ ಕೆಲಸವೂ ಹೋಗುತ್ತದೆ. ಕಿಸಾಕು ಗರಗಸ ತೆಗೆದುಕೊಂಡು ಕೊಂಬೆಯನ್ನು ಬುಡಕ್ಕೇ ಕೊಯ್ದ.

ವಾಪಸ್ ಬಂದ ತಮೇಜೊ ಕೂಗಾಡಲಿಲ್ಲ. ಕೂಗಾಡಿದ್ದರೆ ಚೆನ್ನಾಗಿತ್ತು. ಕೊಯ್ದ ಜಾಗವನ್ನು ಹೆಬ್ಬೆರಳಿನಿಂದ ಸವರಿ ನೋಡಿದ.

"ಕಡಿದದ್ದು ಓಬಾ ಅಲ್ಲ, ನೀನು. ನನ್ನನ್ನ ಒಂದು ಮಾತು ಕೇಳ್ಬಹುದಿತ್ತು," ಎಂದ.

"ಅವರ ತೋಟ, ಅವರ ದೀಪ. ನಿನ್ನನ್ನೇನು ಕೇಳೋದು?" ಎಂದ ಕಿಸಾಕು.

"ಸರಿ ಹಾಗಾದ್ರೆ. ಇನ್ಮೇಲೆ ನಿನ್ನ ಕಲ್ಲುಗಳನ್ನ ಬೋಳಾಗೇ ಇಟ್ಕೊ."

ಇಷ್ಟೇ ಆದದ್ದು. ಹೊರಗಿನವರು ಕೇಳಿದರೆ ಒಂದು ಕೊಂಬೆಗೆ ಇಷ್ಟೊಂದೇ ಎನ್ನುತ್ತಾರೆ. ಕೊಂಬೆ ಬೆಳೆಸಿದವನಿಗೆ ಗೊತ್ತು. ತಮೇಜೊ ಹೆಂಡತಿ ಹರುನೊಳನ್ನು ಕರೆದುಕೊಂಡು ಅವಳ ತವರಾದ ಹಿಮಿ ಎಂಬ ಬಂದರೂರಿಗೆ ಹೋದ. ರೈಲಿನಲ್ಲಿ ಹತ್ತಿರವೇ, ಅಮೆರಿಕವೇನಲ್ಲ. ಆದರೂ ಅಣ್ಣ ಹೋಗಲಿಲ್ಲ, ತಮ್ಮ ಬರಲಿಲ್ಲ. ಇಬ್ಬರ ಕ್ಷೇಮವನ್ನೂ ಇಬ್ಬರಿಗೂ ಮುಟ್ಟಿಸುತ್ತಿದ್ದವಳು ತಾಯಿ. ಅವಳು ಸತ್ತಾಗ ಇಬ್ಬರೂ ಹೆಣದ ಎಡಕ್ಕೊಬ್ಬ ಬಲಕ್ಕೊಬ್ಬ ಕೂತು, ಮಾಡುವುದನ್ನೆಲ್ಲ ಮಾಡಿ, ಒಂದು ಮಾತಿಲ್ಲದೆ ಎದ್ದು ಹೋದರು.

ತಾಯಿ ಹೋದ ಮೇಲೆ ಹಳೆಯ ಮನೆ ರಸ್ತೆ ಅಗಲ ಮಾಡುವುದಕ್ಕೆ ಹೋಯಿತು. ಅಲ್ಲಿದ್ದ ಅಪ್ಪನ ಕಲ್ಲುದೀಪವನ್ನು ಕಿಸಾಕು ಅಗೆಸಿ ತಂದು ತನ್ನ ಅಂಗಳದಲ್ಲಿ ನಿಲ್ಲಿಸಿದ. ಚಿಕ್ಕಂದಿನಲ್ಲಿ ಅದಕ್ಕೆ ದೀಪ ಇಡುವ ಕೆಲಸ ಈ ಇಬ್ಬರದು. ತಮೇಜೊನಿಗೆ ಕಿಂಡಿ ಎಟುಕುತ್ತಿರಲಿಲ್ಲ. ಅಣ್ಣ ಸೊಂಟ ಹಿಡಿದು ಎತ್ತಬೇಕಿತ್ತು, ಎತ್ತಿದರೆ ಅವನು ಬೇಕೆಂದೇ ಕಾಲು ಬಡಿಯುತ್ತಿದ್ದ. ದೀಪ ನಿಂತ ದಿನ ಕಿಸಾಕು ಅದರ ಮುಂದೆ ಬಹಳ ಹೊತ್ತು ಕೂತಿದ್ದ. ಕಲ್ಲು ಸರಿಯಾಗಿ ಕೂತಿತ್ತು. ಮುಂದಿನದು ತನ್ನ ಕೆಲಸವಲ್ಲ ಎಂದು ಎದ್ದ. ಆ ಮೊಳದಗಲದ ಜಾಗ ಹುಟ್ಟಿದ್ದು ಹಾಗೆ.

ಇನ್ನು ತಡೆಗಲ್ಲಿನ ವಿಷಯ. ಎರಡು ಮುಷ್ಟಿಯಷ್ಟು ದೊಡ್ಡ ಗುಂಡುಕಲ್ಲಿಗೆ ಕಪ್ಪು ನಾರಿನ ಹಗ್ಗವನ್ನು ಅಡ್ಡಡ್ಡಲಾಗಿ ಬಿಗಿದು, ನೆತ್ತಿಯ ಮೇಲೆ ಗಂಟು ನಿಲ್ಲಿಸುತ್ತಾರೆ. ಅದನ್ನು ತೋಟದ ಹಾದಿಯ ಮೆಟ್ಟುಗಲ್ಲಿನ ಮೇಲೆ ಇಟ್ಟರೆ, ಇಲ್ಲಿಂದ ಮುಂದೆ ಬರಬೇಡಿ ಎಂದು ಅರ್ಥ. ಬೀಗವಿಲ್ಲ, ಬೇಲಿಯಿಲ್ಲ, ದಾಟುವುದಕ್ಕೆ ಮಗುವಿಗೂ ಕಷ್ಟವಿಲ್ಲ. ಆದರೆ ತಿಳಿದವನು ದಾಟುವುದಿಲ್ಲ. ಹುಡುಗನಾಗಿದ್ದಾಗ ತಮೇಜೊ ಒಮ್ಮೆ ಅಂಥ ಕಲ್ಲನ್ನು ಹಾರಿಕೊಂಡು ಹೋಗಿದ್ದಕ್ಕೆ ಕಿವಿ ಹಿಂಡಿದವನು ಕಿಸಾಕುವೇ. "ಇದು ಬಾಯಿಲ್ಲದ ಮಾತು ಕಣೋ. ಬಾಯಿರೋರ ಮಾತಿಗಿಂತ ಇದನ್ನ ಹೆಚ್ಚು ಕೇಳ್ಬೇಕು," ಎಂದಿದ್ದ. ತಮೇಜೊ ಅದನ್ನು ಮತ್ತೆಂದೂ ಮರೆಯಲಿಲ್ಲ. ಮರೆತಿದ್ದರೆ ಈ ಕಥೆಯೇ ಇರುತ್ತಿರಲಿಲ್ಲ.

ತಾಯಿಯ ಏಳನೆಯ ವರ್ಷದ ತಿಥಿ ಬಂತು. ಡಿಸೆಂಬರ್ ತಿಂಗಳು, ಪೈನ್ ಮರಗಳ ಕೊಂಬೆಗಳನ್ನು ಹಿಮದ ಭಾರಕ್ಕೆ ಮುರಿಯದಂತೆ ಹಗ್ಗದಲ್ಲಿ ಎತ್ತಿ ಕಟ್ಟಿ ಮುಗಿದಿತ್ತು. ಹಗ್ಗ, ಬಿದಿರು ಮಾರಿಕೊಂಡು ಎರಡೂ ಊರುಗಳನ್ನು ಸುತ್ತುತ್ತಿದ್ದ ಕುರೊದಾ ಒಂದು ದಿನ ಬಂದು, ಹೊರೆ ಇಳಿಸಿ, ಯಾವುದೋ ಬೆಲೆಯ ಮಾತಾಡುವವನ ಹಾಗೆ ಹೇಳಿದ: "ತಿಥಿಗೆ ಬರ್ತಾನಂತೆ ನಿನ್ನ ತಮ್ಮ. ಜನ ಎಲ್ಲ ಹೋದ ಮೇಲೆ, ಸಂಜೆ ಹೊತ್ತಿಗೆ. ಕೈ ಬೀಸ್ಕೊಂಡು ಬರಲ್ಲ ಅಂತ ಹೇಳು ಅಂದ."

"ಬರಲಿ," ಎಂದ ಕಿಸಾಕು. ಅವನ ಬಾಯಿಂದ ಬಂದದ್ದು ಅಷ್ಟೇ. ಕೈ ಬೀಸಿಕೊಂಡು ಬರದೆ ಏನು ತರುತ್ತಾನೆ ಎನ್ನುವುದು ಅವನಿಗೆ ಆ ಕ್ಷಣವೇ ಗೊತ್ತಾಗಿತ್ತು. ದೀಪದ ಮುಂದಿನ ಖಾಲಿ ಜಾಗದ ಸುದ್ದಿಯನ್ನು ಕುರೊದಾ ಹಿಮಿಗೆ ಮುಟ್ಟಿಸದೆ ಇರುವವನಲ್ಲ. ಮರುದಿನದಿಂದ ಅವನು ಹಬ್ಬಕ್ಕೆ ಕಾಯುವ ಹುಡುಗನಂತಾದ. ಮೆಟ್ಟುಗಲ್ಲುಗಳನ್ನು ಒಂದೊಂದಾಗಿ ಉಜ್ಜಿದ. ಪಾಚಿಯ ಮೇಲೆ ಬಿದ್ದ ಪೈನ್ ಸೂಜಿಗಳನ್ನು ಬೆರಳಿನಿಂದ ಹೆಕ್ಕಿದ. ದೀಪದ ಮುಂದಿನ ಮಣ್ಣನ್ನು ಅಗೆದು, ಕಲ್ಲು ತೆಗೆದು, ಎಲೆಗೊಬ್ಬರ ಬೆರೆಸಿದ. ಇಸೊ ಬುರಿ ಮೀನಿನ ಹೋಳುಗಳನ್ನು ಗೆಡ್ಡೆಯ ಬಿಲ್ಲೆಗಳ ನಡುವೆ ಇಟ್ಟು ಹುಳಿ ಬರಲು ಹಾಕಿದಳು. ತಮೇಜೊನಿಗೆ ಅದೆಂದರೆ ಪ್ರಾಣ, ಜಾಡಿಗೇ ಕೈ ಹಾಕುತ್ತಿದ್ದ ಎಂದು ನೆನೆಸಿಕೊಂಡು ನಕ್ಕಳು.

ತಿಥಿಯ ದಿನ ಗುರುಗಳು ಬಂದು ಮಂತ್ರ ಹೇಳಿ ಹೋದರು, ನೆಂಟರು ಉಂಡು ಹೋದರು. ಮಧ್ಯಾಹ್ನ ಇಳಿಯಿತು. ಕಿಸಾಕು ಹಾದಿಗೆ ನೀರು ಚಿಮುಕಿಸಿ, ಕಸ ಗುಡಿಸಿ, ಗುಡಿಸಿದ ಮೇಲೆ ಗಿಡವೊಂದನ್ನು ಅಲ್ಲಾಡಿಸಿ ನಾಲ್ಕು ಎಲೆ ಬೀಳಿಸಿದ. ತೀರಾ ಬೋಳಾಗಿದ್ದರೆ ಬರುವವನಿಗೆ ಆಸ್ಪತ್ರೆಗೆ ಬಂದ ಹಾಗಾಗುತ್ತದೆ. ಆಮೇಲೆ ಕೊಟ್ಟಿಗೆಯಿಂದ ತಡೆಗಲ್ಲು ಹೊರತಂದ. ಅದರ ಹಳೆಯ ಹಗ್ಗ ಮಾಸಿತ್ತು. ಅದನ್ನು ಬಿಚ್ಚಿ ಎಸೆದು, ಕುರೊದಾ ತಂದ ಹೊಸ ಹಗ್ಗ ನೆನೆಸಿ, ಬಿಗಿದು, ಗಂಟು ನೆಟ್ಟಗೆ ನಿಲ್ಲಿಸಿದ. ಬೀದಿ ಕಡೆಯ ಬಿದಿರ ಬಾಗಿಲ ಒಳಗೆ, ಮೊದಲ ಮೆಟ್ಟುಗಲ್ಲಿನ ಮೇಲೆ ಅದನ್ನಿಟ್ಟ. ಇವತ್ತು ಸಂಜೆ ಈ ಹಾದಿಯಲ್ಲಿ ತಮೇಜೊ ಒಬ್ಬನೇ ನಡೆಯಬೇಕು. ತಡವಾಗಿ ಬರುವ ನೆಂಟ, ಹರಟೆಗೆ ಬರುವ ನೆರೆಯವನು, ಯಾರೂ ನಡುವೆ ಬರಬಾರದು. ಕಲ್ಲು ಹೊರಗಿನವರಿಗೆ, ತಮೇಜೊ ಹೊರಗಿನವನಲ್ಲವಲ್ಲ. ಕಿಸಾಕುವಿನ ತಲೆಯಲ್ಲಿ ಇದು ಎಷ್ಟು ಸ್ಪಷ್ಟವಾಗಿತ್ತೆಂದರೆ ಬೇರೆ ಯೋಚನೆ ಹತ್ತಿರವೂ ಸುಳಿಯಲಿಲ್ಲ.

ಸ್ವಲ್ಪ ಹೊತ್ತಿನಲ್ಲೇ ಓಶಿಗೆ ಬುಟ್ಟಿ ಹೊತ್ತು ಧಡಧಡ ಒಳಗೆ ಬಂದಳು. ಬಾಗಿಲಲ್ಲಿ ಮಕ್ಕಳು ಏನೋ ಕಲ್ಲು ಕಟ್ಟಿ ಇಟ್ಟಿದ್ದರು, ಎಡವುತ್ತಿದ್ದೆ, ಪಕ್ಕಕ್ಕೆ ತಳ್ಳಿ ಬಂದೆ ಎಂದಳು. ಇಸೊ ನಗು ತಡೆದುಕೊಂಡಳು. ಕಿಸಾಕು ಅವಳನ್ನು ಸಾಗಹಾಕಿ, ಕಲ್ಲನ್ನು ಮೊದಲಿನ ಜಾಗಕ್ಕೆ ಇಟ್ಟು, ವಾಲಿದ ಗಂಟನ್ನು ತಿದ್ದಿ ಬಂದ.

ಕಡಲ ಕಡೆಯಿಂದ ಗುಡುಗು ಕೇಳಿಸಿತು. ಬುರಿ ಮೀನನ್ನು ಎಬ್ಬಿಸುವ ಗುಡುಗು ಎನ್ನುತ್ತಾರೆ ನಮ್ಮಲ್ಲಿ. ಅದಾದ ಮೇಲೆ ಹಿಮ ಬೀಳುತ್ತದೆ. ಕಿಸಾಕು ಕಲ್ಲುದೀಪ ಹಚ್ಚಿ, ಒಳಗೆ ಕೆಂಡದ ಮುಂದೆ ಕೂತ. ಕತ್ತಲಾಗುವ ಹೊತ್ತಿಗೆ ಇಸೊ ತಲೆ ಎತ್ತಿದಳು.

"ಬಾಗಿಲು ಕಿರ್ ಅಂದ ಹಾಗಾಯ್ತು. ನೋಡಿ ಬರ್ಲಾ?"

"ಬೇಡ. ಬಂದೋನಿಗೆ ದಾರಿ ಗೊತ್ತು."

ತೋಟದ ಹಾದಿಯನ್ನು ಬಂದವನು ಒಬ್ಬನೇ ನಡೆಯಬೇಕು, ನಡೆಯುತ್ತ ಮನಸ್ಸು ಹಗುರ ಮಾಡಿಕೊಳ್ಳಬೇಕು, ತಿರುವಿನಲ್ಲಿ ದೀಪ ಕಾಣಬೇಕು, ದೀಪದ ಮುಂದೆ ತನಗಾಗಿ ಬಿಟ್ಟ ಜಾಗ ಕಾಣಬೇಕು. ನಡುವೆ ಹೋಗಿ ಕೈ ಹಿಡಿದು ಕರೆತಂದರೆ ಆ ಹಾದಿ ಮಾಡಿದ್ದೇ ದಂಡ. ಹೀಗೆ ಯೋಚಿಸಿ ಅವನು ಕೂತೇ ಇದ್ದ. ಅದರಲ್ಲಿ ಅಣ್ಣನ ಹಮ್ಮೂ ಒಂದಿಷ್ಟು ಇತ್ತು ಎಂದರೆ ಸುಳ್ಳಾಗದು. ಹೆಜ್ಜೆ ಸದ್ದು ಕೇಳಲಿಲ್ಲ. ತೇವದ ಹಿಮ ಬೀಳತೊಡಗಿತು. ಕಲ್ಲುದೀಪದ ಎಣ್ಣೆ ಮುಗಿದು ಬೆಳಕು ತಾನಾಗಿ ಆರಿತು. ಇಸೊ ಜಾಡಿಯ ಮುಚ್ಚಳ ಮುಚ್ಚಿದಳು.

ಬೆಳಿಗ್ಗೆ ಕಿಸಾಕು ತಡೆಗಲ್ಲನ್ನು ಎತ್ತಿ ಕೊಟ್ಟಿಗೆಯ ಮೂಲೆಗೆ ಎಸೆದ. ಬರುತ್ತೇನೆ ಎಂದು ಹೇಳಿಕಳಿಸಿ ಬಾರದೆ ಆಟವಾಡಿಸಿದ ಎನ್ನುವುದು ಅವನ ಗಂಟಲಲ್ಲಿ ಮೀನಿನ ಮುಳ್ಳಿನ ಹಾಗೆ ಸಿಕ್ಕಿಕೊಂಡಿತು. ಮುಂದಿನ ಸಲ ಕುರೊದಾ ಬಂದು ಕಣ್ಣು ಮಿಟುಕಿಸಿ ಕೇಳಿದಾಗ, ಆ ಹೆಸರು ಈ ಮನೆಯಲ್ಲಿ ಎತ್ತಬೇಡ ಎಂದುಬಿಟ್ಟ. ಹಿಮಿಯಲ್ಲೂ ಕುರೊದಾನಿಗೆ ಇದೇ ಉತ್ತರ ಸಿಕ್ಕಿತ್ತು. ಎರಡು ಕಡೆಯೂ ಬೈಸಿಕೊಂಡ ಮೇಲೆ ಪಾಪ ಅವನು ಹಗ್ಗ ಮಾರುವುದಷ್ಟೇ ತನ್ನ ಕೆಲಸ ಎಂದುಕೊಂಡ. ಇಸೊ ತಾನೇ ಹಿಮಿಗೆ ಹೋಗಿ ಬರುತ್ತೇನೆಂದು ಎಷ್ಟೋ ಸಲ ಬಾಯಿ ತೆರೆದಳು, ಗಂಡನ ಮುಖ ನೋಡಿ ಮುಚ್ಚಿದಳು. ನನಗೆ ಈ ಜನರ ಮೇಲೆ ಸಿಟ್ಟು ಬರುತ್ತದೆ. ಕಲ್ಲಿನ ಮಾತು, ಕೊಂಬೆಯ ಮಾತು, ಹಗ್ಗದ ಗಂಟಿನ ಮಾತು ಎಲ್ಲ ಬರುತ್ತದೆ ಇವರಿಗೆ. ಏನಾಯಿತೋ ಅಂತ ಬಾಯಿಬಿಟ್ಟು ಕೇಳುವುದಕ್ಕೆ ಮಾತ್ರ ನಾಲಿಗೆ ಏಳುವುದಿಲ್ಲ.

ಆದರೂ ಕಿಸಾಕು ಆ ಜಾಗದಲ್ಲಿ ಬೇರೆ ಮರ ನೆಡಲಿಲ್ಲ. ಪ್ರತಿ ವಸಂತದಲ್ಲೂ ಮಣ್ಣು ಸಡಿಲಿಸಿದ. ಯಾಕೆ ಎಂದು ಇಸೊ ಕೇಳಲಿಲ್ಲ.

ವರ್ಷಗಳು ಕಳೆದವು. ಕಿಸಾಕುವಿನ ಬೆನ್ನು ಬಾಗಿತು. ಒಂದು ಶರತ್ಕಾಲದಲ್ಲಿ ತಮೇಜೊ ಶ್ವಾಸಕೋಶದ ರೋಗದಿಂದ ತೀರಿಕೊಂಡನೆಂದು ಹಿಮಿಯಿಂದ ತಂತಿ ಬಂತು. ಬದುಕಿದ್ದಾಗ ಬಾರದವನ ಮನೆಗೆ ಸತ್ತ ಮೇಲೆ ಹೋಗುವುದೇನಿದೆ ಎಂದು ಕಿಸಾಕು ಇಸೊಳನ್ನು ಕಳಿಸಿ, ತಾನು ಎಂದಿನಂತೆ ಕೆಲಸಕ್ಕೆ ಹೋದ. ಆ ದಿನ ಅವನು ಒಂದು ಕಲ್ಲನ್ನು ಹಿಂದುಮುಂದಾಗಿ ಕೂರಿಸಿದ. ಜೀವಮಾನದಲ್ಲಿ ಮೊದಲ ಸಲ. ಮರುದಿನ ಹೋಗಿ ಕಿತ್ತು ತಿರುಗಿಸಬೇಕಾಯಿತು. ಸಾವಿನ ಮನೆಯ ಗದ್ದಲದಲ್ಲಿ ಹರುನೊ ಇಸೊಳೊಡನೆ ಹೆಚ್ಚು ಮಾತಾಡಿರಲಿಲ್ಲ.

ಚಳಿಗಾಲ ಮುಗಿಯುತ್ತ ಬಂದಾಗ ಹರುನೊಳೇ ಬಂದಳು. ಕಪ್ಪು ನಿಲುವಂಗಿ, ಮಡಿಸಿದ ಕೊಡೆ. ಒಳಗೆ ಬನ್ನಿ ಎಂದರೆ ಹೊಸ್ತಿಲ ಕಟ್ಟೆಯ ಮೇಲೆ ಕೂತಳು, ಕೊಟ್ಟ ಚಹಾ ಮುಟ್ಟಲಿಲ್ಲ.

"ಮನೆ ಖಾಲಿ ಮಾಡ್ತಾ ಇದೀನಿ ಭಾವ. ಬಂದರಿನ ರಸ್ತೆಗೆ ಜಾಗ ಹೋಗುತ್ತೆ, ನಾನು ಮಗಳ ಮನೆಗೆ ಹೋಗ್ತೀನಿ. ಹಿತ್ತಲಲ್ಲಿ ನಿಮ್ಮದೊಂದು ಮರ ಇದೆ. ಬೇಕಿದ್ರೆ ತಗೊಂಡು ಹೋಗಿ. ಬೇಡ ಅಂದ್ರೆ ಕಡಿಸ್ತೀನಿ."

"ನಂದು ಯಾವ ಮರ?" ಎಂದ ಕಿಸಾಕು.

"ಅತ್ತೆ ತಿಥಿ ದಿನ ಅವರು ಹೆಗಲ ಮೇಲೆ ಹೊತ್ಕೊಂಡು ಬಂದಿದ್ದು. ನೀವು ಕಲ್ಲು ಇಟ್ಟು ವಾಪಸ್ ಕಳಿಸಿದ್ರಲ್ಲ, ಅದು."

ಹರುನೊ ಕಿಸಾಕುವಿನ ಮುಖ ನೋಡದೆ ಮುಂದುವರಿಸಿದಳು. ಇಷ್ಟು ವರ್ಷ ಒಳಗಿಟ್ಟುಕೊಂಡ ಮಾತು, ನಿಲ್ಲಿಸಲು ಅವಳಿಗೂ ಆಗಲಿಲ್ಲ.

"ಹಿಮದಲ್ಲಿ ನೆನೆದು ಬಂದ್ರು. ಗಿಡ ಹಾಗೇ ಹೆಗಲ ಮೇಲಿತ್ತು. ಏನಾಯ್ತು ಅಂದೆ. 'ಹಳೇ ಹಗ್ಗ ಆಗಿದ್ರೆ ತೆಗೆಯೋದು ಮರೆತಿದ್ದಾನೆ ಅಂದ್ಕೊಂಡು ಒಳಗೆ ಹೋಗ್ತಿದ್ದೆ ಕಣೆ. ಹಗ್ಗ ಹೊಸದು, ಇನ್ನೂ ಒದ್ದೆ ಇತ್ತು. ನಾನು ಬರ್ತೀನಿ ಅಂತ ಗೊತ್ತಿದ್ದೇ ಕಟ್ಟಿದ್ದಾನೆ' ಅಂದ್ರು. ದೀಪದ ಬೆಳಕು ಬಾಗಿಲವರೆಗೂ ಕಾಣ್ತಿತ್ತಂತೆ. ಬೆಳಕು ನೋಡ್ತಾ ತುಂಬ ಹೊತ್ತು ನಿಂತಿದ್ರಂತೆ. ಒಡಹುಟ್ಟಿದೋನನ್ನ ಹಾಗೆ ಮಾಡ್ಬಾರದಿತ್ತು ಭಾವ."

ಒಲೆಯ ಮೇಲಿನ ಕೆಟಲ್ ಸದ್ದು ಮಾಡುತ್ತಿತ್ತು. ಇಸೊ ಬಂದು ಹರುನೊಳ ಪಕ್ಕದಲ್ಲಿ ನೆಲದ ಮೇಲೆ ಕೂತಳು.

"ಆ ಹಗ್ಗ ಅವರನ್ನ ತಡೆಯೋದಕ್ಕೆ ಕಟ್ಟಿದ್ದಲ್ಲಮ್ಮ. ಅವರು ಬರೋ ಹಾದೀಲಿ ಬೇರೆ ಯಾರೂ ಕಾಲಿಡಬಾರದು ಅಂತ ಕಟ್ಟಿದ್ದು. ಅವರು ಬರ್ತಾರೆ ಅಂತ್ಲೇ ಹೊಸ ಹಗ್ಗ ಹಾಕಿದ್ದು. ನಾವು ಇಲ್ಲೇ ಕೂತು ಕಾದ್ವಿ. ಅವರಿಗೆ ಅಂತ ಬುರಿ ಹುಳಿ ಹಾಕಿದ್ದೆ."

ಹರುನೊ ಒಮ್ಮೆ ಅವಳನ್ನು, ಒಮ್ಮೆ ಇವನನ್ನು ನೋಡಿದಳು. ಸುಳ್ಳಲ್ಲ ಎನ್ನುವುದು ಮುಖದಲ್ಲೇ ಇತ್ತು. ತೋಳಿನ ಬಟ್ಟೆಯನ್ನು ಬಾಯಿಗೆ ಒತ್ತಿಕೊಂಡು ಬಗ್ಗಿದಳು. ಇಷ್ಟು ವರ್ಷ ಹೊತ್ತ ಸಿಟ್ಟನ್ನು ಇಳಿಸುವುದಕ್ಕೆ ಅವಳಿಗೆ ಈಗ ಒಂದು ಜಾಗವೂ ಇರಲಿಲ್ಲ.

"ಬಾಗಿಲ ಸದ್ದು ಕೇಳಿಸಿತ್ತು," ಎಂದ ಕಿಸಾಕು. "ಇವಳು ನೋಡಿ ಬರ್ಲಾ ಅಂದ್ಲು. ನಾನು ಬೇಡ ಅಂದೆ."

ಕಲ್ಲಿನ ಮಾತು ತಿಳಿಯದ ಓಶಿಗೆ ಅದನ್ನು ಕಾಲಿನಿಂದ ತಳ್ಳಿ ಒಳಗೆ ಬಂದಳು. ತಾನೇ ಕಿವಿ ಹಿಂಡಿ ಕಲಿಸಿದ್ದ ತಮ್ಮ ಹೊರಗೇ ನಿಂತ. ಕಡಿಮೆ ಕಲಿಸಿದ್ದರೆ ಬರುತ್ತಿದ್ದನಲ್ಲ ಎಂದು ಕಿಸಾಕು ಆ ರಾತ್ರಿ ಊಟದ ಮುಂದೆ ಕೂತು ಒಂದೇ ಸಮನೆ ಹೇಳಿದ. ಇಸೊ ತಟ್ಟೆ ತೆಗೆದಿಟ್ಟಳು.

ಮೊಗ್ಗು ಒಡೆಯುವ ಮೊದಲೇ ಮರ ಎತ್ತಬೇಕು. ಅದೇ ವಾರ ಕಿಸಾಕು ಗುದ್ದಲಿ, ಗರಗಸ, ಹುಲ್ಲಿನ ಚಾಪೆ, ಹಗ್ಗ ತೆಗೆದುಕೊಂಡು ಹಿಮಿಗೆ ಹೋದ. ತಮ್ಮನ ಚಿತ್ರದ ಮುಂದೆ ಊದುಬತ್ತಿ ಹಚ್ಚಿ ತಲೆ ಬಾಗಿಸಿದವನು ಏಳಲು ತಡಮಾಡಿದ. ಆಮೇಲೆ ಹರುನೊ ಹಿತ್ತಲಿನ ಬಾಗಿಲು ತೆರೆದಳು.

ಮೇಪಲ್ ಆಳೆತ್ತರ ದಾಟಿ ಬೆಳೆದಿತ್ತು. ಎಲೆಯಿಲ್ಲ, ಬರೀ ಕೊಂಬೆ. ಅದರಲ್ಲಿ ಒಂದು ಮಾತ್ರ ಉಳಿದವುಗಳನ್ನು ಬಿಟ್ಟು ಪಕ್ಕಕ್ಕೆ ಹೊರಟು, ತುದಿಯಲ್ಲಿ ತುಸು ಇಳಿದಿತ್ತು. ಆ ಕೊಂಬೆಯ ಹಿಂದೆ ಒಂದು ಮರದ ಗೂಟ ನಿಲ್ಲಿಸಿ, ಅದಕ್ಕೆ ತಳ ಕಿತ್ತ ಡಬ್ಬಿಯೊಂದನ್ನು ಮೊಳೆ ಹೊಡೆದು ಕೂರಿಸಲಾಗಿತ್ತು. ಕಿಸಾಕು ಹತ್ತಿರ ಹೋಗಿ ನಿಂತ. ಡಬ್ಬಿಯ ಬಾಯಿ ಅವನ ಎದೆಗೆ ಎಲ್ಲಿಗೆ ಬಂತೋ, ಅಪ್ಪನ ಕಲ್ಲುದೀಪದ ಕಿಂಡಿಯೂ ಅಲ್ಲಿಗೇ ಬರುತ್ತಿತ್ತು.

"ಅದು ಅಣ್ಣನ ದೀಪ ಅನ್ನೋರು," ಎಂದಳು ಹರುನೊ. "ನಾವೆಲ್ಲ ಡಬ್ಬಿ ದೀಪ ಅಂತ ನಗೋದು. ವಾಪಸ್ ಬಂದ ವರ್ಷವೇ ನೆಟ್ಟರು ಆ ಗೂಟ."

ಕಿಸಾಕುವಿಗೆ ಒಂದು ಭಯವಿತ್ತು. ಇಷ್ಟು ವರ್ಷ ಒಂದೇ ಕಡೆ ನಿಂತ ಮರದ ಬೇರು ದೂರ ಹೋಗಿರುತ್ತದೆ. ಹೀರುವ ಎಳೆ ಬೇರುಗಳೆಲ್ಲ ತುದಿಯಲ್ಲಿ; ಬುಡದ ಸುತ್ತ ಬರೀ ದಪ್ಪ ಬೇರು. ಅದನ್ನು ಒಮ್ಮೆಲೇ ಕಡಿದು ಎತ್ತಿದರೆ ಮರ ಉಳಿಯುವುದಿಲ್ಲ. ಮೊದಲು ಸುತ್ತ ಅಗೆದು, ದಪ್ಪ ಬೇರು ಕಡಿದು, ಹಗ್ಗ ಸುತ್ತಿ, ಮಣ್ಣು ಮುಚ್ಚಿ, ಹೊಸ ಎಳೆ ಬೇರು ಬುಡದ ಹತ್ತಿರವೇ ಬರುವ ತನಕ ಒಂದೆರಡು ವರ್ಷ ಕಾಯಬೇಕು. ರಸ್ತೆಯವರು ಕಾಯುವುದಿಲ್ಲ. ಹೋದರೆ ನನ್ನ ಅಂಗಳದಲ್ಲೇ ಹೋಗಲಿ ಎಂದು ಗುದ್ದಲಿ ಎತ್ತಿದ.

ಗುದ್ದಲಿ ತಡೆಯಿಲ್ಲದೆ ಒಳಗಿಳಿಯಿತು. ಮಣ್ಣು ಹದವಾಗಿತ್ತು. ಕಿಸಾಕು ಹುಬ್ಬು ಗಂಟಿಕ್ಕಿ ಇನ್ನೊಂದು ಕಡೆ ಅಗೆದ. ಅಲ್ಲೂ ಹಾಗೇ. ಗುದ್ದಲಿ ಬಿಟ್ಟು ಕೈ ಹಾಕಿದ. ಬೆರಳಿಗೆ ಸಿಕ್ಕಿದ್ದು ಕೂದಲಿನಷ್ಟು ತೆಳ್ಳಗಿನ, ಒತ್ತಾದ ಎಳೆ ಬೇರು. ಅದರ ನಡುವೆ ಕೊಳೆತು ಪುಡಿಯಾದ ಹುಲ್ಲಿನ ಹಗ್ಗ. ಅದರ ಹೊರಗೆ ಅರ್ಧ ಕೊಳೆತ ಹಗ್ಗ. ಎಲ್ಲಕ್ಕಿಂತ ಹೊರಗಿನದು ಇನ್ನೂ ಗಟ್ಟಿಯಾಗಿತ್ತು, ಗಂಟು ಕೂಡ ಬಿಚ್ಚಿರಲಿಲ್ಲ.

"ಇದನ್ನ ಯಾವಾಗ ಕಟ್ಟಿದ?"

"ಹೋದ ವಸಂತದಲ್ಲಿ. ಆಗ್ಲೇ ಕೆಮ್ಮು ಜಾಸ್ತಿ ಆಗಿತ್ತು, ಬೇಡ ಅಂದೆ. ಕೇಳ್ಲಿಲ್ಲ. ಎರಡು ವರ್ಷಕ್ಕೊಂದು ಸಲ ಸುತ್ತ ಅಗೆದು ಬೇರು ಕತ್ತರಿಸೋರು. ಯಾಕ್ರೀ ಅದಕ್ಕೆ ಹಿಂಸೆ, ಬೆಳೆಯೋಕೆ ಬಿಡಿ ಅಂದ್ರೆ, 'ಇದು ಇಲ್ಲಿ ಬೇರು ಬಿಡಬಾರದು ಕಣೆ. ಅಣ್ಣ ಯಾವತ್ತು ಕರೀತಾನೋ ಏನೋ, ಕರೆದ ದಿನ ಎತ್ಕೊಂಡು ಹೋಗೋ ಹಾಗಿರ್ಬೇಕು' ಅನ್ನೋರು."

ಕಿಸಾಕು ಗುಂಡಿಯಲ್ಲಿ ಕುಸಿದು ಕೂತ. ಎರಡು ಕೈಯಲ್ಲೂ ಆ ಬೇರಿನ ಉಂಡೆಯನ್ನು ತಬ್ಬಿ ಹಿಡಿದು, ಮಣ್ಣಿಗೆ ಹಣೆ ಒತ್ತಿ ಅತ್ತ. ಅಪ್ಪ ಸತ್ತಾಗ ಅಳದವನು, ಅಮ್ಮ ಸತ್ತಾಗ ಅಳದವನು, ಮಕ್ಕಳ ಹಾಗೆ ದನಿ ತೆಗೆದು ಅತ್ತ. ಕಾಯುತ್ತಿದ್ದವನು ತಾನೊಬ್ಬನೇ ಎಂದುಕೊಂಡಿದ್ದ. ಇವನು ಇಲ್ಲಿ ವರ್ಷ ಬಿಟ್ಟು ವರ್ಷ ಬೇರು ಕಡಿದುಕೊಂಡು, ಒಂದು ಕರೆಗೆ ಸಿದ್ಧವಾಗಿ ನಿಂತಿದ್ದ. ಹರುನೊ ಸಮಾಧಾನ ಮಾಡಲು ಹೋಗಲಿಲ್ಲ. ತಾನೂ ಗುಂಡಿಯ ಅಂಚಿನಲ್ಲಿ ಕೂತಳು.

ಮರ ಸುಲಭವಾಗಿ ಎದ್ದಿತು. ಬಾಡಿಗೆ ಲಾರಿಯಲ್ಲಿ ಕಾನಜಾವಾಕ್ಕೆ ತಂದು, ಮೊಳದಗಲದ ಜಾಗವನ್ನು ಬೇರಿಗೆ ಬೇಕಾದಷ್ಟು ಹಿಗ್ಗಿಸಿ, ಅದರ ಮುಖ ಯಾವುದೆಂದು ನೋಡಿ ಕಿಸಾಕು ತಾನೇ ನೆಟ್ಟ. ತಮ್ಮ ಮಾಡುತ್ತಿದ್ದ ಹಾಗೆ ನೀರು ಹುಯ್ದು, ಕೋಲಿನಿಂದ ಕೆಸರು ಕಲಸಿ, ಮಣ್ಣು ಕೂರಿಸಿದ. ಸಂಜೆ ಇಸೊ ಕಲ್ಲುದೀಪ ಹಚ್ಚಿದಳು. ಕೊಂಬೆ ಎಲ್ಲಿ ಹಾಯಬೇಕೋ ಸರಿಯಾಗಿ ಅಲ್ಲಿ ಹಾಯ್ದಿತ್ತು. ಒಂದು ಬೆರಳು ಅತ್ತಿತ್ತ ಸರಿಸುವ ಕೆಲಸವನ್ನೂ ತಮೇಜೊ ಅಣ್ಣನಿಗೆ ಉಳಿಸಿರಲಿಲ್ಲ.

ಕಿಸಾಕು ಹಾದಿ ಹಿಡಿದು ಬೀದಿ ಕಡೆಗೆ ನಡೆದ. ಮೊದಲ ಮೆಟ್ಟುಗಲ್ಲಿನ ಮೇಲೆ ನಿಂತು ಬಿದಿರ ಬಾಗಿಲನ್ನು ಪೂರ್ತಿ ತೆರೆದ. ಅದು ಕಿರ್ ಎಂದಿತು.

"ಬಾರೋ ತಮೇಜೊ. ಒಳಗೆ ಬಾ," ಎಂದ.

ಬೀದಿಯಲ್ಲಿ ಯಾರೂ ಇರಲಿಲ್ಲ. ಸ್ವಲ್ಪ ಹೊತ್ತು ನಿಂತು, ಬಾಗಿಲು ಹಾಕದೆ ವಾಪಸ್ ಬಂದ.